ನಕ್ಷೆಯಲ್ಲಿದ್ದ ಒಂದೇ ಹೆಸರು

1940ರ ಫೆಬ್ರುವರಿ 10ರ ಶನಿವಾರ ಸೋವಿಯತ್ ಪಡೆಗಳು ಪೂರ್ವ ಪೋಲೆಂಡಿನ ಹಳ್ಳಿಗಳಿಂದ ಸಾವಿರಾರು ಕುಟುಂಬಗಳನ್ನು ಹೊರಡಿಸಿ, ಗೂಡ್ಸ್ ರೈಲುಗಳಲ್ಲಿ ತುಂಬಿ ಉತ್ತರ ರಷ್ಯಾ ಮತ್ತು ಸೈಬೀರಿಯಾದ ಕಡೆಗೆ ಸಾಗಿಸಿದವು. ಅಂಥ ಒಂದು ಮನೆಯ ಐದು ವರ್ಷದ ಹುಡುಗಿ ಆ ದಿನ ಜ್ವರ ಹಿಡಿದು ಪಕ್ಕದೂರಿನ ದೊಡ್ಡಮ್ಮನ ಮನೆಯಲ್ಲಿದ್ದಳು. ಅವಳಿಲ್ಲದೆ ರೈಲು ಹೊರಟಿತು.

ಮೊದಲ ವಾಕ್ಯ ಇತಿಹಾಸದ ಪುಸ್ತಕಗಳಲ್ಲಿ ಸಿಗುತ್ತದೆ. ಉಳಿದದ್ದಕ್ಕೆ ಮಸ್ಕಿಯ ನಮ್ಮ ಮುತ್ಯಾ, ಅಂದರೆ ನನ್ನ ತಂದೆಯ ತಂದೆ, ಒಬ್ಬನೇ ಮೂಲ. ಒಂದೇ ಮೂಲದ ಸುದ್ದಿಯನ್ನು ಹಾಗೆಯೇ ಅಚ್ಚಿಗೆ ಕಳಿಸಬಾರದು ಎಂದು ಹೊಸ ವರದಿಗಾರರಿಗೆ ಬಹಳ ವರ್ಷಗಳಿಂದ ಹೇಳಿಕೊಡುತ್ತ ಬಂದವನು ನಾನು. ಇಲ್ಲಿ ಕಳಿಸುತ್ತಿದ್ದೇನೆ.

ಸಿಂಧನೂರಿನ ನನ್ನ ಮೇಜಿನ ಮೇಲೆ ಈಗ ಒಂದು ಕಾಗದವಿದೆ. ಮಿಲಿಟರಿ ಲಾರಿ ಎಷ್ಟು ಮೈಲಿ ಓಡಿತು ಎಂದು ಬರೆದಿಡುವ ಫಾರಂ ಅದು. ಮಡಚಿ ಮಡಚಿ ನಾಲ್ಕು ತುಂಡಾಗಿದ್ದನ್ನು ಯಾರೋ ಮೈದಾ ಅಂಟಿನಿಂದ ಹಳೆಯ ಕ್ಯಾಲೆಂಡರಿನ ಹಿಂಬದಿಗೆ ಹಚ್ಚಿದ್ದಾರೆ. ಹಾಗಾಗಿ ಅದರ ಬೆನ್ನಿಗೆ ಒಬ್ಬ ಲಕ್ಷ್ಮಿ ಇದ್ದಾಳೆ. ಮುಖಭಾಗದಲ್ಲಿ ಪೆನ್ಸಿಲ್ಲಿನಿಂದ ಬರೆದ ಒಂದು ಊರು. ಮೇಲ್ಗಡೆ ಬಾಗಿ ಹರಿಯುವ ಹೊಳೆ, ಅದಕ್ಕೊಂದು ಕಮಾನಿನ ಸೇತುವೆ. ಎಡಕ್ಕೆ ಓರೆಗೆರೆಗಳ ಅಡವಿ. ನಡುವೆ ನೆಟ್ಟಗೆ ಹೋಗುವ ದಾರಿ. ದಾರಿಯ ಎರಡೂ ಬದಿಗೆ ಹನ್ನೊಂದು ಚೌಕಗಳು, ಅವು ಮನೆಗಳು. ಒಂದು ಮನೆಯ ಮಾಳಿಗೆಯ ಮೇಲೆ ಒಂಟಿಗಾಲಲ್ಲಿ ನಿಂತ ಕೊಕ್ಕರೆ. ಅದೇ ಮನೆಯ ಬಾಗಿಲಲ್ಲಿ ಎರಡು ಜಡೆಯ ಒಂದು ಹುಡುಗಿ.

ಚಿತ್ರ ಬರೆದವನು ಯಾನೆಕ್ ಎಂಬ ಪೋಲಿಷ್ ಸೈನಿಕ. ಪಕ್ಕದಲ್ಲಿ ಕೂತು ಒಂದೊಂದನ್ನೂ ಬೆರಳಿಟ್ಟು ಕೇಳಿ, ಅವನು ಹೇಳಿದ್ದನ್ನು ಉರ್ದು ಲಿಪಿಯಲ್ಲಿ ಬರೆದುಕೊಂಡವನು ಮುತ್ಯಾ. ನಿಜಾಮರ ಕಾಲದ ಶಾಲೆಯಲ್ಲಿ ಮುತ್ಯಾಗೆ ಸಿಕ್ಕ ಅಕ್ಷರ ಅದೊಂದೇ. ಕನ್ನಡವನ್ನು ಜೀವನವಿಡೀ ಮಾತಾಡಿದ, ಒಂದು ಸಾಲೂ ಬರೆಯಲಿಲ್ಲ.

ಯುದ್ಧದ ಕಾಲದಲ್ಲಿ ಮುತ್ಯಾ ಸಿಕಂದರಾಬಾದಿಗೆ ಹೋಗಿ ಭರ್ತಿಯಾಗಿ, ಲಾರಿ ಡ್ರೈವರನಾಗಿ ಇರಾಕಿಗೆ ಹೋದ. ರಷ್ಯಾದಿಂದ ಬಿಡುಗಡೆಯಾಗಿ ಇರಾನ್ ದಾಟಿ ಬಂದ ಪೋಲಿಷ್ ಸೈನ್ಯವೂ ಅಲ್ಲಿ ಬೀಡುಬಿಟ್ಟಿತ್ತು. ಒಂದು ದಿನ ಮರಳಲ್ಲಿ ಹೂತುಹೋದ ಲಾರಿಯನ್ನು ಹಿಂದಿನಿಂದ ನೂಕಿದವರಲ್ಲಿ ಯಾನೆಕ್ ಒಬ್ಬ. ಇಬ್ಬರ ನಡುವೆ ಒಟ್ಟು ಐವತ್ತು ಶಬ್ದ ಇದ್ದಾವು. ಅದರಲ್ಲಿ ಅರ್ಧ ಹಿಂದೂಸ್ತಾನಿ, ಉಳಿದ ಅರ್ಧದಲ್ಲಿ ಇಂಗ್ಲಿಷ್ ಬೈಗುಳವೇ ಹೆಚ್ಚು. ತಂಗಿಗೆ ಜ್ವರ ಬಂದಿತ್ತು ಎಂಬುದನ್ನು ಯಾನೆಕ್ ಮಾತಿನಲ್ಲಿ ಹೇಳಲಿಲ್ಲ. ಹಣೆಯ ಮೇಲೆ ಕೈಯಿಟ್ಟು, ಸುಟ್ಟುಕೊಂಡವನಂತೆ ಕೈ ಹಿಂದಕ್ಕೆ ಎಳೆದುಕೊಂಡ. ಮುತ್ಯಾ ನಮಗೆ ಕತೆ ಹೇಳುವಾಗಲೂ ಅಲ್ಲಿಗೆ ಬಂದಕೂಡಲೇ ಮಾತು ನಿಲ್ಲಿಸಿ ಅದನ್ನೇ ಮಾಡುತ್ತಿದ್ದ.

ಮುಂದೆ ಇಬ್ಬರ ದಳಗಳೂ ಇಟಲಿಗೆ ಹೋದವು. ಅಲ್ಲಿನ ಒಂದು ಗುಡ್ಡದಲ್ಲಿ ಯಾನೆಕ್ ಸತ್ತ ಎಂದು ಇನ್ನೊಬ್ಬ ಪೋಲಿಷ್ ಡ್ರೈವರ್ ಮುತ್ಯಾಗೆ ಹೇಳಿದ. ಯುದ್ಧ ಮುಗಿದು ಮಸ್ಕಿಗೆ ಬಂದ ಮುತ್ಯಾನ ಪೆಟ್ಟಿಗೆಯಲ್ಲಿ ಈ ಕಾಗದವಿತ್ತು.

ಒಂದೆರಡು ವರ್ಷಕ್ಕೆ ಮಗಳು ಹುಟ್ಟಿದಳು. ಎರಡು ಜಡೆಯ ಹುಡುಗಿಯ ಪಕ್ಕದಲ್ಲಿದ್ದ ಶಬ್ದವನ್ನೇ ಮುತ್ಯಾ ಅವಳಿಗೆ ಇಟ್ಟ: ಹಾನ್ಕಾ. ಮಸ್ಕಿಯ ಬಾಯಿಗೆ ಅದು ಎರಡೇ ದಿನದಲ್ಲಿ ಹಾನಕ್ಕ ಆಯಿತು. ಶಾಲೆಗೆ ಸೇರಿಸುವಾಗ ಹೆಡ್ ಮಾಸ್ತರರು ಪೆನ್ನು ಕೆಳಗಿಟ್ಟರಂತೆ.

“ಹಾನಿ ಅಂತ ಹೆಸರು ಇಡ್ತಾರೇನೋ ಯಾರಾದ್ರೂ? ಹೆತ್ತ ಮಗಳಿಗೆ?”

“ಹಾನಿ ಅಲ್ರೀ. ಹಾನಕ್ಕ.”

“ನಾ ಬರೆಯಂಗಿಲ್ಲ. ಶರಣಮ್ಮ ಅಂತ ಬರ್ಕೋತೀನಿ.”

“ಬುಕ್ಕಿನ್ಯಾಗ ಏನರೆ ಬರ್ಕೋರಿ. ಕರಿಯಾವ ನಾನು.”

ಹೀಗೆ ನನ್ನ ಸೋದರತ್ತೆ ರೇಷನ್ ಕಾರ್ಡಿಗೆ, ಓಟಿನ ಚೀಟಿಗೆ, ಆಧಾರಿಗೆ ಶರಣಮ್ಮ. ಮದುವೆಯಾಗಿ ಹೋದ ಲಿಂಗಸುಗೂರಿನ ಓಣಿಗೆ, ತರಕಾರಿಯವಳಿಗೆ, ಮಕ್ಕಳಿಗೆ, ಮೊಮ್ಮಕ್ಕಳಿಗೆ ಹಾನಕ್ಕ. ಲಸಿಕೆ ಹಾಕಿಸಲು ಹೋದಾಗ “ಶರಣಮ್ಮ, ಶರಣಮ್ಮ” ಎಂದು ಸಿಸ್ಟರು ಮೂರು ಸಲ ಕೂಗಿದರೂ ಅತ್ತೆ ಎದ್ದಿರಲಿಲ್ಲ. ಪಕ್ಕದವಳನ್ನೇ ಎಬ್ಬಿಸಿದ್ದಳು. “ನಿನ್ನನ್ನ ಕರಿಯಾಕತ್ತಾರ ನೋಡಬೇ, ಏಳು.”

ನಮಗೆ ಮಕ್ಕಳಿಗೆ ಆ ನಕ್ಷೆ ಪಂಚಾಂಗದಷ್ಟೇ ಪರಿಚಿತವಾಗಿತ್ತು. ಮುತ್ಯಾ ಮಧ್ಯಾಹ್ನ ಅದನ್ನು ಬಿಚ್ಚಿ ಓದುತ್ತಿದ್ದ. ಊರಿನ ಹೆಸರು ನೋವಾವೇಶ. ಹೊಳೆಯ ಹೆಸರು ಝೇಕಾ. ಅಡವಿಯ ಹೆಸರು ಲಾಸ್. ದಾರಿಯ ಮೇಲೆ ದರೋಗಾ. ದರೋಗಾ ಅಂದರೆ ನಮಗೆ ಗೊತ್ತು, ನಿಜಾಮರ ಕಾಲದ ಪೊಲೀಸ್ ಅಧಿಕಾರಿ. ಅವನೇ ಯಾನೆಕನ ಮನೆಯವರನ್ನು ಹಿಡಿದುಕೊಟ್ಟವನು ಎಂದು ನಾವೇ ತೀರ್ಮಾನ ಮಾಡಿದೆವು. ನನ್ನ ತಮ್ಮ ಆ ಜಾಗಕ್ಕೆ ಒಮ್ಮೆ ಉಗುಳಿದ್ದ. ಕಲೆ ಇನ್ನೂ ಇದೆ. ಕಾಲುವೆಯ ನೀರು ಬಂದು ತುರ್ವಿಹಾಳದ ಕಡೆ ಭತ್ತ ನಾಟಿಯಾದ ಹೊಲಗಳಲ್ಲಿ ಕೊಕ್ಕರೆ ಕಂಡರೆ “ಹಾನಕ್ಕನ ಊರಿನಿಂದ ಬಂದಾವು” ಅನ್ನುತ್ತಿದ್ದೆವು. ಆ ದೇಶದ ಕೊಕ್ಕರೆಗಳು ಚಳಿಗಾಲಕ್ಕೆ ಹೆಚ್ಚಾಗಿ ಆಫ್ರಿಕಾಕ್ಕೆ ಹೋಗುತ್ತವೆ ಎಂದು ಎಷ್ಟೋ ಕಾಲದ ಮೇಲೆ ಓದಿದೆ. ಅತ್ತೆಗೆ ಹೇಳಲಿಲ್ಲ.

ಆರನೇ ಇಯತ್ತೆಯಲ್ಲಿ ಖಾಜಾ ಮಾಸ್ತರರು ಭೂಗೋಳದ ಪರೀಕ್ಷೆಗೆ “ನಿಮ್ಮ ಊರಿನ ನಕ್ಷೆ ಬರೆಯಿರಿ” ಎಂದು ಕೊಟ್ಟಾಗ ನಾನು ಯೋಚಿಸಲೇ ಇಲ್ಲ. ಕೈ ತಾನೇ ಬರೆಯಿತು. ಹೊಳೆ, ಕಮಾನು, ಅಡವಿ, ಹನ್ನೊಂದು ಮನೆ, ಕೊಕ್ಕರೆ. ಮರುದಿನ ಮಾಸ್ತರರು ಹಾಳೆ ಹಿಡಿದು ನನ್ನನ್ನು ಎಬ್ಬಿಸಿದರು.

“ಏನ್ಲೇ, ಮಸ್ಕ್ಯಾಗ ಹೊಳಿ ಮ್ಯಾಲೆ ಈ ಪೂಲ್ ಯಾವಾಗ ಕಟ್ಟಿದ್ರು?”

ನಾನು ಹಾಳೆಯ ಕಡೆ ನೋಡಿದೆ.

“ಗುಡ್ಡ ಎಲ್ಲೈತಿ? ಶಾಸನದ ಗುಡ್ಡ? ದೇಶದೇಶದಿಂದ ಮಂದಿ ನೋಡಾಕ ಬರ್ತಾರ, ನೀ ನುಂಗಿಬಿಟ್ಟಿಯೇನು?”

ಹತ್ತಕ್ಕೆ ಸೊನ್ನೆ ಬಂತು. ಕೊಕ್ಕರೆ ಚೆನ್ನಾಗಿ ಬಂದಿದೆ ಎಂದು ಪಕ್ಕದಲ್ಲಿ ಸಣ್ಣದಾಗಿ ಬರೆದಿದ್ದರು.

ಇನ್ನು ಎಡೆಯ ವಿಷಯ. ಮಹಾಲಯ ಅಮಾವಾಸ್ಯೆಗೆ ನಮ್ಮಲ್ಲಿ ಮನೆಯ ಹಿರಿಯರಿಗೆ, ಅಂದರೆ ಸತ್ತವರಿಗೆ, ಒಬ್ಬೊಬ್ಬರ ಹೆಸರು ಕರೆದು ಒಂದೊಂದು ಎಲೆಯಲ್ಲಿ ಎಡೆ ಇಡುತ್ತಾರೆ. ಬದುಕಿದ್ದಾಗ ಅವರಿಗೆ ಇಷ್ಟವಾದದ್ದನ್ನು ಎಲೆಯ ತುದಿಗಿಡುವುದೂ ಉಂಟು. ನಮ್ಮ ಮನೆಯಲ್ಲಿ ಕೊನೆಯ ಎಲೆ ಯಾನೆಕನದು. ಹೋಳಿಗೆ, ಜೋಳದ ರೊಟ್ಟಿ, ಪುಂಡಿಪಲ್ಲೆ, ತುದಿಯಲ್ಲಿ ಒಂದು ಸಿಗರೇಟು. ಅವನು ರೊಟ್ಟಿ ತಿನ್ನುತ್ತಾನೋ ಇಲ್ಲವೋ ಎಂದು ಆಯಿ, ಅಂದರೆ ಮುತ್ಯಾನ ಹೆಂಡತಿ, ಒಮ್ಮೆ ಅನುಮಾನ ಪಟ್ಟಳು. “ಇರಾಕಿನ್ಯಾಗ ನಾ ಸುಟ್ಟ ಚಪಾತಿ ತಿಂದಾನ. ನಿನ್ನ ರೊಟ್ಟಿ ತಿನ್ನಾಕೇನು ದಾಡಿ ಅವನಿಗೆ?” ಅಂದ ಮುತ್ಯಾ.

ಮುತ್ಯಾ ಸತ್ತ ಮೇಲೆ ನಕ್ಷೆಯ ಜತೆಗೆ ಈ ಎಲೆಯೂ ಲಿಂಗಸುಗೂರಿಗೆ, ಅತ್ತೆಯ ಮನೆಗೆ ಹೋಯಿತು. ಯಾನೆಕನಿಗೆ ಎಡೆ ಇಡುವಾಗ ಅತ್ತೆ ಒಮ್ಮೆಯೂ ತಡವರಿಸಲಿಲ್ಲ. ಹುಡುಗಿಗೆ ಮಾತ್ರ ಇಡಲಿಲ್ಲ.

“ಅಕಿ ಸತ್ತ ಸುದ್ದಿ ಬಂದಿಲ್ಲ,” ಎಂದು ಅತ್ತೆ ಹೇಳಿದ್ದಳು. “ಸುದ್ದಿ ಬರದ ಹೆಸರು ಕರದು ಎಡಿ ಇಟ್ರ, ಇದ್ದಾಕಿನ್ನ ಕೊಂದಂಗ.”

ವರದಿಗಾರಿಕೆಯ ಮೊದಲ ವಾರದಲ್ಲಿ ನನಗೆ ಕಲಿಸಿದ್ದೂ ಇದನ್ನೇ. ಖಾತ್ರಿಯಾಗದ ಸಾವನ್ನು ಬರೆಯಬೇಡ.

ಎಪ್ಪತ್ತು ದಾಟಿದ ಮೇಲೆ ಅತ್ತೆಗೆ ಇದೊಂದೇ ಹಟ ಹಿಡಿಯಿತು. ಆ ಹುಡುಗಿ ಉಳಿದಳೋ ಇಲ್ಲವೋ ತಿಳಿಯಬೇಕು. ನಾನು ಹೋದಾಗಲೆಲ್ಲ ಚಹಾ ಕೊಟ್ಟು ಅದನ್ನೇ ಎತ್ತುತ್ತಿದ್ದಳು.

“ಊರ ಸುದ್ದಿ ಎಲ್ಲಾ ಬರೀತಿ. ಇದೊಂದು ಸುದ್ದಿ ತರಾಕ ಆಗವಲ್ದೇನು ನಿನಗ?”

“ಅತ್ತೀ, ಇದ್ರೂ ಅಕಿಗೆ ಈಗ ತೊಂಬತ್ತರ ಹತ್ತಿರ ಹತ್ತಿರ.”

“ಇರಲಿ. ಅಕಿ ಹೆಸರಿನ್ಯಾಗ ನಾ ಬಾಳೇವು ಮಾಡೀನಿ. ಹೋಗಿದ್ರ ಎಡಿ ಇಡ್ತೀನಿ. ಇದ್ರ ತಿಳಸ್ತೀನಿ, ನಿನ್ನ ಹೆಸರು ಇಲ್ಲಿತನ ಬಂದಿತ್ತು, ಜ್ವಾಕಿ ಮಾಡೀವಿ ಅಂತ.”

ನಕ್ಷೆಯನ್ನು ನನಗೆ ಕೊಟ್ಟು ಮೊದಲು ಓದಿಸಿಕೊಂಡು ಬಾ ಎಂದಳು. ಮುತ್ಯಾನ ಉರ್ದು ನಮ್ಮಲ್ಲಿ ಯಾರಿಗೂ ಬರುವುದಿಲ್ಲ. ನನಗೆ ಸೊನ್ನೆ ಕೊಟ್ಟ ಖಾಜಾ ಮಾಸ್ತರರು ನಿವೃತ್ತರಾಗಿ ಸಿಂಧನೂರಿನಲ್ಲೇ ಮಗನ ಮನೆಯಲ್ಲಿದ್ದರು. ಕನ್ನಡಕ ಒರೆಸಿ ಕಾಗದವನ್ನು ಬಹಳ ಹೊತ್ತು ನೋಡಿದರು.

“ಈ ಕೊಕ್ಕರಿ ನೋಡೀನಲ್ಲ ನಾ?”

“ಸೊನ್ನಿ ಕೊಟ್ಟಿದ್ರಿ ಸರ್.”

“ಹಾಂ, ಗುಡ್ಡ ನುಂಗಿದಾವ.” ಆಮೇಲೆ ಬೆರಳಿಟ್ಟು ಓದಿದರು. “ಇಲ್ಲಿ ವಾವ್ ಅಂತ ಒಂದ ಅಕ್ಷರ ಐತಿ. ನೂವಾ ಅನ್ನು, ನೋವಾ ಅನ್ನು, ನಿನ್ನ ಖುಷಿ. ನಮ್ಮ ಲಿಪಿ ಹಂಗ, ಗೊತ್ತಿದ್ದಾವ ಸರಿ ಓದ್ತಾನ, ಗೊತ್ತಿಲ್ಲದಾವ ಬ್ಯಾರೆ ಓದ್ತಾನ. ಇದು ದಾಲ್, ರೇ, ವಾವ್, ಗಾಫ್, ಅಲಿಫ್. ದರೋಗಾ ಅನ್ನಬಹುದು.” ಹುಡುಗಿಯ ಹತ್ತಿರ ಬಂದು ನಿಂತರು. “ಇದು ಸಾಫ್ ಐತಿ. ಹಾನ್ಕಾ. ನಮ್ಮೂರ ಗುಡ್ಡದ ಶಾಸನದಾಗ ಒಂದು ಹೆಸರು ಸಿಕ್ಕಿದ್ದಕ್ಕ, ಅದನ್ನ ಬರೆಸಿದ ರಾಜ ಯಾರು ಅಂತ ಜಗತ್ತಿಗೆ ಗೊತ್ತಾತು. ಬ್ಯಾರೆ ಕಡಿ ಶಾಸನದಾಗ ಬರೇ ಬಿರುದು ಇತ್ತು. ಹುಡುಕು, ಸಿಗಬಹುದು.”

ನಾನು ಹುಡುಕಿದೆ. ಝೇಕಾ ಎಂಬ ಹೊಳೆ ಪೋಲೆಂಡಿನ ನಕ್ಷೆಯಲ್ಲಿ ಸಿಗಲಿಲ್ಲ. ಲಾಸ್ ಎಂಬ ಅಡವಿಯೂ ಇಲ್ಲ. ಮುತ್ಯಾನ ಕಿವಿ ತಪ್ಪಿರಬೇಕು ಎಂದು ಬಿಟ್ಟೆ.

ತಪ್ಪಿದ್ದು ಯಾರ ಕಿವಿ ಎಂದು ಗೊತ್ತಾದದ್ದು ಆರ್.ಎಚ್. ಕ್ಯಾಂಪಿನಲ್ಲಿ. ಪೂರ್ವ ಬಂಗಾಳದಿಂದ ಬಂದ ನಿರಾಶ್ರಿತರಿಗೆಂದು ಸಿಂಧನೂರಿನ ಹತ್ತಿರ ಕಟ್ಟಿದ ಕ್ಯಾಂಪುಗಳಿವು. ಊರುಗಳಿಗೆ ಹೆಸರಿಲ್ಲ, ನಂಬರ್ ಇದೆ. ಅಲ್ಲಿನ ಹಿರಿಯರ ಬಗ್ಗೆ ಬರೆಯಲು ಹೋಗಿದ್ದೆ. ನಿತಾಯಿ ಎಂಬ ಅಜ್ಜ ಭತ್ತದ ಕಣದ ಧೂಳಿನಲ್ಲಿ ಬೆರಳಿನಿಂದ ತನ್ನ ಊರು ಬರೆದು ತೋರಿಸಿದ. ಮನೆ, ಬಾಳೆತೋಟ, ದೋಣಿ ಕಟ್ಟುವ ಜಾಗ, ಹೊಳೆ. ಹೊಳೆಯ ಹೆಸರೇನು ಎಂದು ಕೇಳಿದೆ. “ಗಾಂಗ್,” ಅಂದ. ನಾನು ಗಂಗಾ ಎಂದು ಬರೆದುಕೊಂಡೆ. ಮರುದಿನ ಪತ್ರಿಕೆಯಲ್ಲಿ ಅಜ್ಜ ಗಂಗಾ ನದಿಯ ದಡದಲ್ಲಿ ಹುಟ್ಟಿದ್ದ.

ಬೆಳಿಗ್ಗೆ ಹತ್ತಕ್ಕೆ ಅಜ್ಜನ ಮಗಳು ಫೋನ್ ಮಾಡಿದಳು. ಇಲ್ಲೇ ಹುಟ್ಟಿ ಬೆಳೆದ ಹೆಂಗಸು, ಕನ್ನಡ ನನ್ನಷ್ಟೇ ಸಲೀಸು.

“ಸರ, ಗಾಂಗ್ ಅಂದ್ರ ಹೊಳಿ ರೀ. ಬರೇ ಹೊಳಿ. ನಮ್ಮ ಕಡಿ ಎಲ್ಲಾ ಹೊಳಿಗೂ ಹಂಗ ಅಂತಾರ.”

“ಹೆಸರು?”

“ಹೆಸರು ಇತ್ತೇನೋ, ಅಪ್ಪಗ ಗೊತ್ತಿಲ್ಲ. ಮನಿ ಮುಂದಿನ ಹೊಳಿಗೆ ಯಾರರೆ ಹೆಸರು ಹಿಡದು ಕರೀತಾರೇನು? ಈಗ ಓಣ್ಯಾಗಿನವ್ರು ಅಪ್ಪಗ ಕಾಶಿ ಸ್ವಾಮಿಗಳು ಅನ್ನಾಕತ್ತಾರ. ಸರಿ ಮಾಡ್ರಿ.”

ಮರುದಿನ ತಿದ್ದುಪಡಿ ಹಾಕಿದೆವು. ನಾಲ್ಕು ಸಾಲಿನ ಆ ತಿದ್ದುಪಡಿ ಬರೆಯುವಾಗಲೇ ನನಗೆ ಝೇಕಾ ನೆನಪಾಯಿತು. ಫೋನಿನಲ್ಲಿ ಪೋಲಿಷ್ ನಿಘಂಟು ತೆಗೆದೆ. ಇರಬಹುದಾದ ಸ್ಪೆಲಿಂಗುಗಳನ್ನೆಲ್ಲ ಹಾಕಿ ನೋಡಿದೆ. ಅರ್ಧ ಗಂಟೆಯೂ ಹಿಡಿಯಲಿಲ್ಲ.

ಝೇಕಾ ಅಂದರೆ ಹೊಳೆ. ಲಾಸ್ ಅಂದರೆ ಅಡವಿ. ದರೋಗಾ ಎಂದು ನಾವು ಓದಿದ್ದು ದ್ರೋಗಾ, ಅಂದರೆ ದಾರಿ. ನೋವಾ ವೇಶ್ ಅಂದರೆ ಹೊಸ ಹಳ್ಳಿ, ನಮ್ಮ ಹೊಸೂರು ಇದ್ದ ಹಾಗೆ. ಆ ಹೆಸರಿನ ಊರುಗಳು ಆ ದೇಶದ ತುಂಬ ಇವೆ.

ಮುತ್ಯಾ ಬೆರಳಿಟ್ಟು ಇದೇನು ಎಂದು ಕೇಳಿದ್ದಾನೆ. ಯಾನೆಕ್ ಹೊಳೆ ಅಂದಿದ್ದಾನೆ. ಇದೇನು? ಅಡವಿ. ಇದೇನು? ದಾರಿ. ನಲವತ್ತು ವರ್ಷ ಮುತ್ಯಾ ಓದಿದ್ದು, ನಾವು ಬಾಯಿಪಾಠ ಮಾಡಿದ್ದು, ಪರೀಕ್ಷೆಯಲ್ಲಿ ನಾನು ಬರೆದದ್ದು ಇಷ್ಟನ್ನೇ. ತಮ್ಮ ಉಗುಳಿದ್ದು ದಾರಿಗೆ.

ಮರುದಿನ ಮಸ್ಕಿಯ ಮೇಲೆ ಲಿಂಗಸುಗೂರಿನ ಬಸ್ಸು ಹಿಡಿದೆ. ಇಂಥ ಸುದ್ದಿಯನ್ನು ಫೋನಿನಲ್ಲಿ ಹೇಳಬಾರದು ಎನ್ನಿಸಿತು. ಅತ್ತೆ ಕಟ್ಟೆಯ ಮೇಲೆ ಕೂತು ಶೇಂಗಾ ಸುಲಿಯುತ್ತಿದ್ದಳು. ಒಂದೊಂದೇ ಶಬ್ದ ಹೇಳಿದೆ. ಕೈ ನಿಲ್ಲಿಸದೆ ಕೇಳಿದಳು.

“ಅಂದ್ರ ದರೋಗಾ ಇಲ್ಲೇ ಇಲ್ಲ?”

“ಇಲ್ಲ ಅತ್ತೀ.”

“ಪಾಪ, ಅವನಿಗೆ ಎಷ್ಟು ಬೈದೀವಿ.” ನಾಲ್ಕು ಕಾಯಿ ಸುಲಿದಳು. “ನಮ್ಮಪ್ಪ ಹೊಳಿಗೆ ಹೊಳಿ ಅಂದಾನ. ಅದ್ರಾಗೇನು ತಪ್ಪೈತಿ? ಮಸ್ಕಿ ಹಳ್ಳಕ್ಕ ನಾವು ಹಳ್ಳ ಅನ್ನಲಿಲ್ಲೇನು?”

“ತಪ್ಪಿಲ್ಲ. ಆದ್ರ ಊರು ಯಾವುದಂತ ತಿಳಿಯಂಗಿಲ್ಲ ಈಗ.”

ಆಗ ಕೈ ನಿಂತಿತು.

“ಹಾನ್ಕಾ ಅಂದ್ರೇನು? ಅದೂ ಬರೇ ಹುಡುಗಿ ಅಂತೇನು?”

“ಇಲ್ಲ. ಅದು ಹೆಸರು. ಅನ್ನಾ ಅನ್ನೋ ಹೆಸರಿಗೆ ಮನ್ಯಾಗ ಹಂಗ ಕರೀತಾರ.”

ಅತ್ತೆ ಸೆರಗಿನಿಂದ ಕೈ ಒರೆಸಿಕೊಂಡು ನಕ್ಷೆಯನ್ನು ತೊಡೆಯ ಮೇಲಿಟ್ಟುಕೊಂಡಳು. “ಅಷ್ಟರೆ ಖರೇ ಐತಲ್ಲ. ಬರಿ, ಅವರ ಸರ್ಕಾರಕ್ಕ.”

ಬರೆದೆ. ಯುದ್ಧಕಾಲದಲ್ಲಿ ಸಾಗಿಸಲ್ಪಟ್ಟವರ ಕಾಗದಪತ್ರ ಇಟ್ಟಿರುವ ಅಲ್ಲಿನ ಒಂದು ಕಚೇರಿಯಿಂದ ಕೆಲವು ತಿಂಗಳಿಗೆ ಉತ್ತರ ಬಂತು. ಸಭ್ಯವಾದ ಪತ್ರ. ಕುಟುಂಬದ ಅಡ್ಡಹೆಸರು, ತಂದೆಯ ಹೆಸರು, ಜಿಲ್ಲೆ ತಿಳಿಸಿದರೆ ಹುಡುಕಬಹುದು ಎಂದಿದ್ದರು. ಯುದ್ಧದ ನಂತರ ಗಡಿ ಬದಲಾಗಿದ್ದರಿಂದ ಆ ಊರು ಈಗ ಪೋಲೆಂಡಿನೊಳಗೆ ಇಲ್ಲದಿರಲೂಬಹುದು, ಉಕ್ರೇನ್ ಅಥವಾ ಬೆಲಾರೂಸಿನಲ್ಲಿ ಬೇರೆ ಹೆಸರಿನಲ್ಲಿ ಇರಬಹುದು ಎಂದೂ ಇತ್ತು. ಅತ್ತೆಗೆ ಓದಿ ಹೇಳಿದೆ.

“ಊರು ಎದ್ದು ಹೋಗೈತೇನು?”

“ಊರು ಅಲ್ಲೇ ಐತಿ. ಗಡಿ ಎದ್ದು ಹೋಗೈತಿ.”

“ನಾನೂ ಹಂಗ ಅಲ್ಲೇನು? ಪೊಲೀಸ್ ಆಕ್ಷನ್‌ಕಿಂತ ಮೊದಲ ಹುಟ್ಟೀನಿ, ನಿಜಾಮನ ರಾಜ್ಯದಾಗ. ಎದ್ದು ಎಲ್ಲೂ ಹೋಗಿಲ್ಲ.” ಪತ್ರದ ಕಡೆ ಬೆರಳು ತೋರಿಸಿ ಕೇಳಿದಳು. “ಮತ್ತೇನು ಕೇಳ್ಯಾರ?”

“ಅಡ್ಡಹೆಸರು. ಮುತ್ಯಾ ಯಾವತ್ತರೆ ಹೇಳಿದ್ನೇನು?”

“ಅಡ್ಡಹೆಸರು ಕೇಳಿ ಯಾರರೆ ದೋಸ್ತಿ ಮಾಡ್ತಾರೇನು?”

ಎರಡನೆಯ ಪತ್ರವನ್ನು ಅತ್ತೆಯೇ ಹೇಳಿ ಬರೆಸಿದಳು. ಅಡ್ಡಹೆಸರು ಗೊತ್ತಿಲ್ಲ. ಊರಿನ ಮೇಲ್ಗಡೆ ಹೊಳೆ ಇದೆ, ಅದಕ್ಕೆ ಕಮಾನಿನ ಸೇತುವೆ. ಒಂದೇ ದಾರಿ, ಹನ್ನೊಂದು ಮನೆ. ಮನೆಯ ಮೇಲೆ ಕೊಕ್ಕರೆ. ಅಣ್ಣನ ಹೆಸರು ಯಾನೆಕ್. ಆ ಶನಿವಾರ ಹುಡುಗಿಗೆ ಜ್ವರ ಇತ್ತು, ದೊಡ್ಡಮ್ಮನ ಊರಿನಲ್ಲಿದ್ದಳು. ಎರಡು ಜಡೆ. ಇದರಿಂದ ಏನೂ ಆಗಲಾರದು ಎಂದು ನನಗೆ ಗೊತ್ತಿತ್ತು. ಒಂದು ಶಬ್ದವನ್ನೂ ತಿದ್ದದೆ ಇಂಗ್ಲಿಷಿಗೆ ಮಾಡಿ, ನಕ್ಷೆಯ ಫೋಟೋ ಸೇರಿಸಿ ಕಳಿಸಿದೆ.

ಕಳೆದ ವರ್ಷ ಶ್ರಾವಣದಲ್ಲಿ ಅತ್ತೆ ಹಾಸಿಗೆ ಹಿಡಿದಳು. ನಾನು ನೋಡಲು ಹೋದ ದಿನ ಮಗ, ಸೊಸೆ ಇಬ್ಬರನ್ನೂ ಹತ್ತಿರ ಕರೆದಳು.

“ನನಗ ಎಡಿ ಇಡುವಾಗ ಶರಣಮ್ಮ ಅನ್ರಿ. ಹಾನಕ್ಕ ಅನಬ್ಯಾಡ್ರಿ.”

“ಯಾಕಬೇ, ನಿನಗ ಶರಣಮ್ಮ ಅಂದವರು ಯಾರು?” ಅಂದ ಮಗ. “ಹಂಗ ಕರದ್ರ ನೀನರೆ ಬರ್ತೀಯೇನು?”

“ಬರ್ತೀನಿ. ಕಿವಿಗೊಟ್ಟು ಕೇಳ್ತೀನಿ.” ಉಸಿರು ಎಳೆದುಕೊಂಡಳು. “ಸತ್ತವರ ಸಾಲಿನ್ಯಾಗ ಆ ಹೆಸರು ಕರೀಬ್ಯಾಡ್ರಿ. ಅಕಿ ಇದ್ರ?”

ಆಮೇಲೆ ನನ್ನ ಕಡೆ ತಿರುಗಿದಳು. “ನೀನೂ ಪೇಪರಿನ್ಯಾಗ ಹಂಗ ಬರಿ.”

ಒಂಬತ್ತು ದಿನದ ಮೇಲೆ ಅತ್ತೆ ತೀರಿಕೊಂಡಳು. ನಿಧನ ವಾರ್ತೆಯನ್ನು ನಾನೇ ಬರೆದೆ. ಮೂರು ಸಾಲು, ಹೆಸರು ಶರಣಮ್ಮ. ಅವಳ ಫೋಟೋ ಮನೆಯಲ್ಲಿ ಒಂದೂ ಸರಿಯಾದದ್ದು ಸಿಗದೆ, ಫೋಟೋ ಇಲ್ಲದೆಯೇ ಹಾಕಿದೆವು. ಪತ್ರಿಕೆಯನ್ನು ನಂಬಿ ಕೂತ ಕೆಲವು ಹಳೆಯ ಗೆಳತಿಯರಿಗೆ ವಿಷಯ ತಿಳಿಯಲೇ ಇಲ್ಲ. ಮುದಗಲ್ಲಿನಿಂದ ಒಬ್ಬಳು ಹದಿನೈದು ದಿನ ಬಿಟ್ಟು ಎಂದಿನಂತೆ ಬಂದು, ಬಾಗಿಲಲ್ಲಿ ನಿಂತು “ಹಾನಕ್ಕ ಎಲ್ಲಿ ಹೋಗ್ಯಾಳ?” ಎಂದು ಕೇಳಿದಳು. ಪತ್ರಿಕೆಯನ್ನು ಅವಳೂ ಓದಿದ್ದಳು. ಯಾರೋ ಶರಣಮ್ಮ ಅಂದುಕೊಂಡಿದ್ದಳಂತೆ. 

ಮಹಾಲಯ ಅಮಾವಾಸ್ಯೆಗೆ ನಾನು ಲಿಂಗಸುಗೂರಿಗೆ ಹೋದೆ. ಆ ಮನೆಯ ಹಿರಿಯರ ಎಲೆಗಳ ಆಚೆ ಇನ್ನೂ ನಾಲ್ಕು ಎಲೆ ಹಾಕಿದ್ದರು. ಅತ್ತೆಯ ಮಗ ಒಂದೊಂದೇ ಹೆಸರು ಕರೆದ. ಮುತ್ಯಾನದು, ಆಯಿಯದು. ಯಾನೆಕನ ಎಲೆಯ ತುದಿಗೆ ಸಿಗರೇಟು ಇತ್ತು. ನಾಲ್ಕನೆಯ ಎಲೆಯ ಮುಂದೆ ನಿಂತು “ಶರಣಮ್ಮ” ಅಂದ. ಹೊಸ ಶಬ್ದ ಓದುವವನಂತೆ ಬಿಡಿಸಿ ಅಂದ.

“ಶರಣಮ್ಮ ಅಂದ್ರ ಯಾರು?” ಎಂದು ಮೊಮ್ಮಗಳು ಕೇಳಿದಳು.

ಸೊಸೆ ಅವಳ ಕೈಗೆ ಹೋಳಿಗೆ ಕೊಟ್ಟು ಹೊರಗೆ ಕಳಿಸಿದಳು.

ಪೋಲೆಂಡಿನ ಕಚೇರಿಗೆ ಬರೆದ ಎರಡನೆಯ ಪತ್ರಕ್ಕೆ ಈವರೆಗೆ ಉತ್ತರ ಬಂದಿಲ್ಲ.